ಹೂಂ

ಚಾರ್ಟಿನ ಮೂರನೇ ಸಾಲು ಓದಿ ಅಂದದ್ದು ತಾನೇ, ಅಜ್ಜಿ ಓದುತ್ತಲೂ ಇದ್ದಾಳೆ, ತುಟಿ ಅಲ್ಲಾಡುವುದು ಕಾಣುತ್ತಿದೆ, ಕಿವಿಗೆ ಏನೂ ಬೀಳುತ್ತಿಲ್ಲ — ಬೆಳಿಗ್ಗೆ ಒಲೆಯ ಮುಂದೆ ಹೆಂಡತಿಯ ತುಟಿಯೂ ಹೀಗೇ ಕಣ್ಣಂಚಿನಲ್ಲಿ ಅಲ್ಲಾಡಿತ್ತು, ಪೇಪರಿನಿಂದ ತಲೆ ಎತ್ತದೆ ಹೂಂ ಅಂದಿದ್ದ, ಅವಳು ಮತ್ತೇನೋ ಕೇಳಿದಳು, ಮತ್ತೆ ಹೂಂ ಅಂದ, ಸರಿ ಹಾಗಾದರೆ, ಅಂದಳು, ಆ ಕೊನೆಯ ಮಾತೊಂದೇ ಕೇಳಿಸಿದ್ದು, ತುಂಬ ದಿನದಿಂದ ಹೊತ್ತದ್ದನ್ನು ಕೆಳಗಿಳಿಸಿದವಳ ಹಾಗೆ ಅಂದಿದ್ದಳು, ಏನು ಸರಿ, ಏನು ಕೇಳಿದ್ದಳು? ಈಗ ಕಾಣುತ್ತಾ ಅಜ್ಜಿ, ಈಗ? ಈ ಕನ್ನಡಕದಂಗಡಿಯಲ್ಲಿ ದಿನವಿಡೀ ಇದೇ ಕೆಲಸ, ಗುರುತಿಲ್ಲದವರ ಒಂದೊಂದು ತೊದಲನ್ನೂ ಕಿವಿಗೊಟ್ಟು ಕೇಳಿ ಗಾಜು ಬದಲಿಸುವುದು, ನಿಮ್ಮಷ್ಟು ತಾಳ್ಮೆ ಯಾರಿಗಿದೆ ಡಾಕ್ಟ್ರೇ ಅನ್ನುತ್ತಾರೆ, ಡಾಕ್ಟರಲ್ಲ ಅಂದರೂ ಬಿಡುವುದಿಲ್ಲ — ಮನೆಯಲ್ಲಿ ಮಾತ್ರ ಇಪ್ಪತ್ತೆರಡು ವರ್ಷ ಒಂದೇ ಹೂಂನಲ್ಲಿ ಸಂಸಾರ ತೂಗಿಸಿದ, ಪರದೆ ಬದಲಾಯಿಸೋಣವಾ, ಹೂಂ, ಎದೆಯಲ್ಲಿ ಗಂಟು ಸಿಕ್ಕಿದ ಹಾಗಿದೆ ರೀ, ಹೂಂ, ಅವಳ ಅಕ್ಕನೇ ಆಸ್ಪತ್ರೆಗೆ ಕರೆದುಕೊಂಡು ಹೋಗಿದ್ದು, ಏನೂ ಇಲ್ಲವಂತೆ ಅಂದಾಗಲೂ ಹೂಂ, ಅವತ್ತು ಬಾಗಿಲಲ್ಲಿ ಒಂದು ಗಳಿಗೆ ಹೆಚ್ಚೇ ನಿಂತಿದ್ದಳಲ್ಲ.

ಹೆಂಡತಿಗೆ ಫೋನ್ ಮಾಡಿದ, ರಿಂಗಾಗಿ ರಿಂಗಾಗಿ ನಿಂತಿತು, ನಾಳೆ ಬನ್ನಿ ಅಜ್ಜಿ, ಶಟರ್ ಎಳೆದ, ಬಸ್ಸು ಸಿಗ್ನಲ್ಲಿನಲ್ಲಿ ಕೂತೇ ಬಿಟ್ಟಿದೆ, ನೆನಪಿಸಿಕೋ, ಅಕ್ಕ ಅಂದಳಾ, ಹಾಲು ಅಂದಳಾ, ದೇವರೇ, ಹಾಲೇ ಆಗಿರಲಿ. ಬಾಗಿಲು ತೆರೆದಿದೆ, ಅವಳಿದ್ದಾಳೆ, ಸದ್ಯ, ಇದ್ದಾಳೆ — ಕಾಲ ಬಳಿ ಸೂಟ್‌ಕೇಸು. ಇಷ್ಟು ಬೇಗ ಬಂದ್ರಾ? ಏನಿದು? ಬೆಳಿಗ್ಗೆ ಹೇಳಿದ್ನಲ್ಲ ರೀ, ಅಕ್ಕನ ಮನೆಗೆ ಹೋಗ್ತೀನಿ, ಇನ್ನು ವಾಪಸ್ ಬರಲ್ಲ ಅಂತ, ಎರಡು ಸಲ ಕೇಳಿದೆ, ನೀವು ಹೂಂ ಅಂದ್ರಿ. ನನಗೆ ಕೇಳಿಸಲೇ ಇಲ್ಲ ಕಣೇ, ಅಂದ. ಗೊತ್ತು, ಅಂದಳು, ದನಿಯಲ್ಲಿ ಸಿಟ್ಟಿಲ್ಲ, ಅದಕ್ಕೇ ಎರಡು ಸಲ ಕೇಳಿದ್ದು. ಹೇಳು ಈಗ, ಏನಾದರೂ ಹೇಳು, ಬೇಡ ಅನ್ನು, ಇರು ಅನ್ನು, ಒಂದು ಸಲ ಮೊದಲಿಂದ ಹೇಳು ಕೇಳ್ತೀನಿ ಅನ್ನು — ಅವಳು ಈಗ ಏನೂ ಕೇಳುತ್ತಿಲ್ಲ, ತಲೆ ತಗ್ಗಿಸಿ ಬೀಗದಕೈ ಗೊಂಚಲಿನಿಂದ ಮನೆಯದನ್ನು ಬಿಡಿಸುತ್ತಿದ್ದಾಳೆ, ಗೊಂಚಲಿನ ರಿಂಗಿನ ಸಂದಿಗೆ ಉಗುರು ತೂರಿಸಿದ್ದಾಳೆ, ಬಿಗಿ ಬಿಡುತ್ತಿಲ್ಲ, ಉಗುರು ಬೆಳ್ಳಗಾಗಿದೆ, ಬೀಗದಕೈ ಅರ್ಧ ಸುತ್ತು ಬಂತು, ಉಗುರು, ಬೆಳ್ಳಗೆ, ಇನ್ನೂ ಅರ್ಧ ಸುತ್ತು, ಆ ಉಗುರು