ಕಚಗುಳಿ ಇಡುವ ಕಡಲು

ಗಂಟಕ್ಕನಿಗೆ ಆ ಹೆಸರು ಹಗ್ಗಕ್ಕೆ ಹಾಕುವ ಗಂಟುಗಳಿಂದ ಬಂತೋ, ಸದಾ ಗಂಟಿಕ್ಕಿಕೊಂಡಿರುವ ಮೋರೆಯಿಂದ ಬಂತೋ, ಊರವರಲ್ಲೇ ಒಮ್ಮತವಿರಲಿಲ್ಲ. ಬಂದರಿನ ಹಿಂದಿನ ಉದ್ದನೆಯ ಶೆಡ್ಡಿನಲ್ಲಿ ನಾರು ಹೊಸೆದು ಹಗ್ಗ ಮಾಡುವುದು ಅವಳ ಕಸುಬು. ಕಪ್ಪು ಕಡಲು ದಾಟುವ ಯಾವ ದೋಣಿಯೂ ಅವಳ ಹಗ್ಗವಿಲ್ಲದೆ ಹೊರಡುತ್ತಿರಲಿಲ್ಲ. ಅವಳು ಮಾತ್ರ ಒಮ್ಮೆಯೂ ದೋಣಿ ಹತ್ತಿದವಳಲ್ಲ.

ಆ ಕಡಲಿನಲ್ಲಿ ಹೆದರಬೇಕಾದದ್ದು ಬಿರುಗಾಳಿಗಲ್ಲ, ಸುಳಿಗೂ ಅಲ್ಲ. ನಡುನೀರಿಗೆ ಹೋದವರಿಗೆ ಅದು ಕಚಗುಳಿ ಇಡುತ್ತಿತ್ತು. ಉರಿಬಿಸಿಲಲ್ಲೂ ಕಾಡಿಗೆಯಂತೆ ಕಪ್ಪಾಗಿದ್ದ ನೀರು ಬೆಕ್ಕಿನ ಹಾಗೆ ದೋಣಿಯ ಮೈ ಹತ್ತಿ ಬಂದು ಅಂಗಾಲು ನೆಕ್ಕುತ್ತಿತ್ತು. ಆಮೇಲೆ ಎಲ್ಲಿಲ್ಲದ ಖುಷಿ. ಖುಷಿ ತಾಳಲಾರದೆ ಮನುಷ್ಯರು ತಾವಾಗಿಯೇ ಹಾರಿಬಿಡುತ್ತಿದ್ದರು. ಹಾರಿದವರ ನಗು ಸ್ವಲ್ಪ ಹೊತ್ತು ಕೇಳಿಸುತ್ತಿತ್ತು, ಆಮೇಲೆ ಇಲ್ಲ. ಅದಕ್ಕೇ ದೋಣಿ ಹತ್ತಿದವರೆಲ್ಲ ಸೊಂಟಕ್ಕೆ ಹಗ್ಗ ಬಿಗಿದು ನಡುಗಂಬಕ್ಕೆ ಕಟ್ಟಿಕೊಳ್ಳುವುದು.

ಅಂಬಿಗನಾಗಿದ್ದ ಗಂಟಕ್ಕನ ಗಂಡ ಹೀಗೆಯೇ ಹೋಗಿದ್ದ, ಮದುವೆಯಾದ ಹೊಸದರಲ್ಲಿ. "ನಗುನಗ್ತಾನೇ ಹೋದ ಕಣಮ್ಮ" ಎಂದು ಜೊತೆಗಿದ್ದವರು ಸಮಾಧಾನ ಹೇಳಲು ಬಂದಿದ್ದರು. ಆ ಮಾತೇ ಅವಳ ಎದೆಗೆ ಮುಳ್ಳಾಗಿ ಚುಚ್ಚಿಕೊಂಡಿತು. ನನ್ನ ಬಿಟ್ಟು ಹೋಗುವುದಕ್ಕೆ ಅಷ್ಟೊಂದು ಸಂತೋಷವೇ? ಅವತ್ತು ಬಿಗಿದ ಮುಖ ಮತ್ತೆ ಸಡಿಲವಾಗಲಿಲ್ಲ.

ಆಚೆ ದಡದಲ್ಲಿ ಬಟ್ಟೆ ಹೊಲಿಯುತ್ತ ಒಬ್ಬಳೇ ಇದ್ದ ತಂಗಿ, ತಲೆ ಅರ್ಧ ನರೆತ ಮೇಲೆ, ಒಬ್ಬ ಅಂಬಿಗನನ್ನು ಮದುವೆಯಾಗುತ್ತಿದ್ದೇನೆ ಎಂದು ಹೇಳಿಕಳಿಸಿದಾಗ ಗಂಟಕ್ಕ ಕೈಯಲ್ಲಿದ್ದ ನಾರನ್ನು ಬಿಸಾಕಿ ಎದ್ದಳು. ಬೇರೆ ಯಾರೂ ಸಿಗಲಿಲ್ಲವೇ? ತನಗಾದದ್ದೇ ಅವಳಿಗೂ ಆಗಬೇಕೇ? ಒಂದು ಸುರುಳಿ ಹೊಸ ಹಗ್ಗ ಹೆಗಲಿಗೆ ಹಾಕಿಕೊಂಡು, ದಡದಲ್ಲಿ ಮೊದಲು ಕಂಡ ದೋಣಿ ಹತ್ತಿಯೇಬಿಟ್ಟಳು.

ದೋಣಿಯವನು ದುಂಡನೆಯ ಆಳು, ಬೋಳುತಲೆ, ಬಾಯಿ ತುಂಬ ಮಾತು. ಅವಳು ಯಾರೆಂದು ಗೊತ್ತಾದ ಕೂಡಲೇ ಬಾಯಿಗೆ ಬೀಗ ಬಿತ್ತು. ಅವಳಂತೂ ಅವನ ಸೊಂಟದ ಹಗ್ಗ ನೋಡಿ ಕೆರಳಿದಳು.

"ಇದನ್ನ ಗಂಟು ಅಂತಾರಾ? ನನ್ನ ಹಗ್ಗಕ್ಕೆ ಅವಮಾನ!"

"ದಿನಾ ಓಡಾಡೋನು ನಾನು. ಕಡಲಿಗೆ ನನ್ನ ಕಂಡ್ರೆ ಬೇಜಾರು ಬಂದ್ಬಿಟ್ಟಿದೆ, ಬಿಡಿ ಗಂಟಕ್ಕ."

ದಡ ಮರೆಯಾಗುವ ತನಕ ಅವಳು ಭಾವೀ ವರನ ಜನ್ಮ ಜಾಲಾಡಿದಳು. "ಯಾವನೋ ದಂಡಪಿಂಡ. ಮೂರು ಹೊತ್ತು ಕೂಳಿಗೆ ಗತಿಯಿಲ್ಲದೆ ನನ್ನ ತಂಗಿಗೆ ಗಂಟು ಬಿದ್ದಿದ್ದಾನೆ. ಕೈಗೆ ಸಿಗಲಿ, ಎತ್ತಿ ಈ ಕಡಲಿಗೇ ಒಗೀತೀನಿ. ನೀನು ಬೇಜಾರ್ ಮಾಡ್ಕೋಬೇಡಪ್ಪ, ನಿನ್ನ ನೋಡಿದ್ರೆ ಮರ್ಯಾದಸ್ಥನ ಥರ ಕಾಣ್ತೀಯ."

"ಹೂಂ" ಎಂದು ಅವನು ಹುಟ್ಟು ಹಾಕತೊಡಗಿದ. ಅವನ ಕಿವಿ ಕೆಂಪಾಗಿತ್ತು.

ಆಗ ಗಾಳಿ ನಿಂತಿತು. ನೀರು ಗುಡ್ಡದಂತೆ ಉಬ್ಬಿ, ದೋಣಿಯನ್ನು ಹೊತ್ತು, ಇಳಿಯುವುದನ್ನೇ ಮರೆತಂತೆ ನಿಂತುಬಿಟ್ಟಿತು. ನೀಲಿ ಹೊಳಪಿನ ಮೀನುಗಳು ಅವಳ ತಲೆಯ ಮೇಲಿಂದ ಗುಬ್ಬಿಗಳಂತೆ ಹಾರಿಹೋದವು. ಒಂದು ಎಳೆ ಕಪ್ಪು ನೀರು ಅಂಚು ದಾಟಿ ಬಂದು ಅವಳ ಹೆಬ್ಬೆರಳನ್ನು ಮುಟ್ಟಿತು.

ಗಂಟಕ್ಕ ಹಲ್ಲು ಕಚ್ಚಿದಳು. ಮನೆಯ ಸೋರುವ ಮಾಡನ್ನು ನೆನೆದಳು, ಮಂಡಿನೋವನ್ನು ನೆನೆದಳು. ಮಾಡು ಅವಳಿಗಾಗಿಯೇ ಒಂದೊಂದು ಹನಿ ಕೂಡಿಟ್ಟು ತಲೆಯ ಮೇಲೆ ಹಾಕುತ್ತಿದೆ ಅನ್ನಿಸಿ ಕಿಸಕ್ಕೆಂದು ನಗು ಬಂತು. ಮಂಡಿಯಂತೂ ಇನ್ನೂ ತಮಾಷೆಯಾಗಿ ಕಂಡಿತು. ಎಷ್ಟೋ ವರ್ಷಗಳಿಂದ ಹೂತಿಟ್ಟಿದ್ದ ನಗು ಹೊಟ್ಟೆಯಿಂದ ಗಂಟಲಿಗೆ, ಗಂಟಲಿಂದ ಆಕಾಶಕ್ಕೆ ನುಗ್ಗಿತು. ಕಣ್ಣಲ್ಲಿ ನೀರು, ಪಕ್ಕೆಯಲ್ಲಿ ನೋವು, ಆದರೂ ನಿಲ್ಲದು.

ಅದನ್ನು ಕೇಳಿ ಅಂಬಿಗನೂ ಕಟ್ಟೆಯೊಡೆದಂತೆ ನಕ್ಕ. "ಗಂಟಕ್ಕಾ... ಆ ದಂಡಪಿಂಡ... ಆ ದಂಡಪಿಂಡ ನಾನೇ!"

"ನೀನಾ?"

"ನಾನೇ! ಎತ್ತಿ ಒಗೀರಿ!"

ಇಬ್ಬರೂ ಉರುಳಾಡಿ ನಕ್ಕರು. ನಗುವ ಹೊಟ್ಟೆಯ ಮೇಲೆ ಅವನ ಆ ಗಂಟು ಎಷ್ಟು ಹೊತ್ತು ನಿಂತೀತು? ಹಗ್ಗ ಜಾರಿತು. "ಒಗೆಯೋ ಶ್ರಮ ನಿಮಗ್ಯಾಕೆ, ಅತ್ತಿಗೇ!" ಎಂದು ಕೂಗಿ, ಮಗುವಿನಂತೆ ಕೈಚಾಚಿ, ಅವನು ನೀರಿಗೆ ಹಾರಿಯೇಬಿಟ್ಟ.

ಅವಳಿಗೆ ಬೇಕಿದ್ದದ್ದು ಅದೇ ತಾನೇ? ಕಡಲು ಅವಳ ಕೆಲಸ ಮುಗಿಸಿಕೊಟ್ಟಿತ್ತು. ಆದರೆ ಕುತ್ತಿಗೆಯವರೆಗೆ ಮುಳುಗಿ ಅವಳನ್ನೇ ನೋಡುತ್ತ ನಗುತ್ತಿದ್ದ ಆ ದುಂಡು ಮುಖದಲ್ಲಿ ಯಾರನ್ನಾದರೂ ಬಿಟ್ಟು ಹೋಗುತ್ತಿರುವ ಸಂತೋಷ ಇರಲಿಲ್ಲ. ತಾನು ಹೋಗುತ್ತಿದ್ದೇನೆಂಬುದೇ ಅವನಿಗೆ ಗೊತ್ತಿರಲಿಲ್ಲ. ಅಯ್ಯೋ, ನನ್ನ ಗಂಡನೂ ಹೀಗೆಯೇ ಹೋದನಲ್ಲ ಎಂದು ಅವಳಿಗೆ ಥಟ್ಟನೆ ಹೊಳೆಯಿತು. ಪಾಪದವನು, ಬಿಟ್ಟು ಹೋಗಲಿಲ್ಲ, ಜಾರಿಹೋದ ಅಷ್ಟೇ!

ಹೆಗಲ ಸುರುಳಿಯನ್ನು ಬೀಸಿ ಎಸೆದಳು. ಅವನಿಗೆ ಮುಟ್ಟಲಿಲ್ಲ. ಉಳಿದಿದ್ದದ್ದು ಅವಳ ಸೊಂಟಕ್ಕೆ ಬಿಗಿದಿದ್ದ ಹಗ್ಗ ಒಂದೇ. ನಗುತ್ತಲೇ ಅದನ್ನು ಬಿಚ್ಚಿದಳು, ನಗುತ್ತಲೇ ಎರಡನ್ನೂ ಜೋಡಿಸಿ, ತುದಿಗೆ ಕುಣಿಕೆ ಹಾಕಿ ಮತ್ತೆ ಎಸೆದಳು. ಈಗ ಅವಳನ್ನು ಹಿಡಿದಿಡುವುದು ಏನೂ ಇರಲಿಲ್ಲ. ಕಡಲು ಕಣಕಾಲಿಗೇರಿ "ಬಾ, ಬಾ" ಎಂದು ಮುದ್ದು ಮಾಡುತ್ತಿತ್ತು. ಹಾರಿದರೆ ಎಷ್ಟು ಚೆಂದ! ಒಂದು ಕಾಲು ಅಂಚಿನ ಮೇಲಿಟ್ಟಿದ್ದೂ ಉಂಟು. ಅಷ್ಟರಲ್ಲಿ ಎಸೆದ ಕುಣಿಕೆ ಅವನ ಕಂಕುಳಿಗೆ ಸಿಕ್ಕಿ, ಹಗ್ಗ ಅಂಗೈಯಲ್ಲಿ ಭಾರವಾಗಿ ಬಿಗಿಯಿತು. ಹಗ್ಗ ಬಿಗಿದ ಮೇಲೆ ಎಳೆಯದೆ ಬಿಟ್ಟು ಗೊತ್ತಿಲ್ಲದ ಕೈಗಳು ಅವು. ಕಾಲು ಹಿಂದೆ ಬಂತು.

"ಹಾಳಾದವನೇ!" ಎಂದು ಒಂದು ಎಳೆತ, ನಗು. "ಬೋಳುತಲೆಯವನೇ!" ಮತ್ತೊಂದು ಎಳೆತ, ಇನ್ನಷ್ಟು ನಗು. ಬೈಗುಳ ಸಾಲದೆ ಬಂದಾಗ ತರಕಾರಿಗಳ ಹೆಸರು ಹಿಡಿದು ಬೈದಳು. ಅವನು "ಕುಂಬಳಕಾಯಿ ಅಂತ ಇನ್ನೊಂದ್ಸಲ ಹೇಳಿ ಅತ್ತಿಗೇ!" ಎಂದು ಕೇಕೆ ಹಾಕುತ್ತಲೇ ದೋಣಿಯೊಳಗೆ ದೊಪ್ಪನೆ ಬಿದ್ದ. ಅವನನ್ನು ಕಂಬಕ್ಕೆ ಸುತ್ತಿ ಬಿಗಿದು, ತನ್ನನ್ನೂ ಬಿಗಿದುಕೊಂಡು, ಹುಟ್ಟು ಹಿಡಿದಳು. ಆಟ ಮುಗಿಯಿತೆಂದು ಮುನಿಸಿಕೊಂಡಂತೆ ಕಡಲು ದೊಪ್ಪನೆ ಕೆಳಗಿಳಿಯಿತು.

ಆಚೆ ದಡದಲ್ಲಿ ತಂಗಿ ಜೀವ ಕೈಯಲ್ಲಿ ಹಿಡಿದು ನಿಂತಿದ್ದಳು. ಅಕ್ಕ ದೋಣಿ ನಡೆಸುತ್ತಿದ್ದಾಳೆ, ವರ ಮೂಟೆಯಂತೆ ಕಟ್ಟಿಸಿಕೊಂಡು ಬಿದ್ದಿದ್ದಾನೆ.

"ಅಕ್ಕಾ, ಏನ್ ಮಾಡಿದ್ಯೇ ಅವರಿಗೆ?"

"ಒದ್ದೆ ಆಗಿದ್ದಾನೆ, ಒಣಗಿಸ್ಕೋ. ಮದುವೆ ಯಾವತ್ತು?"

ಅಕ್ಕನ ಬಾಯಲ್ಲಿ ಈ ಮಾತು ಕೇಳಿ ತಂಗಿ ಅಳಲು ಶುರುಮಾಡಿದಳು. ಗಂಟಕ್ಕ ಅವಳನ್ನು ತಬ್ಬಿಕೊಂಡು, ತಾನೂ ಸ್ವಲ್ಪ ಅತ್ತಳು. ಮೂಗು ಒರೆಸಿಕೊಳ್ಳುವಷ್ಟರಲ್ಲಿ ಮತ್ತೆ ನಗು ಉಕ್ಕಿತು.

ಮದುವೆ ಹೊಲಿಗೆ ಅಂಗಡಿಯ ಮಹಡಿಯಲ್ಲಿ ನಡೆಯಿತು. ಯಂತ್ರಗಳನ್ನು ಗೋಡೆಗೆ ಸರಿಸಿ ಬೆಂಚು ಹಾಕಿದ್ದರು. ಊರ ಹಿರಿಯರು ಗಂಭೀರವಾಗಿ ಎದ್ದುನಿಂತು, "ಸಂಸಾರ ಅನ್ನೋದು ಹುಡುಗಾಟ ಅಲ್ಲ" ಎಂದು ಶುರುಮಾಡಿದರು. ಕುರ್ಚಿಯ ತುದಿಯಲ್ಲಿ ಕೂತಿದ್ದ ಗಂಟಕ್ಕ ತುಟಿ ಬಿಗಿಹಿಡಿದು ವರನ ಕಡೆ ನೋಡಬಾರದೆಂದುಕೊಂಡಳು. ನೋಡಿಯೇಬಿಟ್ಟಳು. ಅವನ ಕೆನ್ನೆ ಉಬ್ಬುತ್ತಿತ್ತು. "ಪುಸ್ಸ್" ಎಂದು ಮೊದಲು ಸೋತವಳು ಅವಳೇ. ಅವನು ಹಿಂದೆಯೇ ಸೋತ. ವಧು ಬಗ್ಗಿ ಮುಖ ಮುಚ್ಚಿಕೊಂಡಳು, ಬೆಂಚುಗಳು ಕಿರುಗುಟ್ಟಿದವು, ಕೊನೆಗೆ ಹಿರಿಯರೂ ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುತ್ತ ನಗತೊಡಗಿದರು. ಯಾಕೆಂದು ಮಾತ್ರ ಅವರಿಗೆ ಯಾರೂ ಹೇಳಲಿಲ್ಲ.