ದೇವಿ ಹಾಕುವ ದಿನ

ದೀಪ ಹಚ್ಚಿದ ಮೇಲೆ ಶಾಲೆಯ ಸುದ್ದಿ ತೆಗೆಯಬೇಡ ಅಂತ ಗಂಗೆ ಮಗಳಿಗೆ ಎಷ್ಟು ಸಲ ಹೇಳಿದ್ದಳೋ ಅವಳಿಗೇ ಗೊತ್ತಿಲ್ಲ. ಹಗಲೆಲ್ಲ ಬಾಯಿಗೆ ಬೀಗ ಹಾಕಿಕೊಂಡು ತಿರುಗುವ ಬಂಗಾರಿಗೆ ಗಂಜಿಯ ಬಟ್ಟಲ ಮುಂದೆ ಕೂತ ಕೂಡಲೇ ಎಲ್ಲ ನೆನಪಾಗುತ್ತಿತ್ತು. ನಾಳೆ ಪಾಟಿಗೆ ಹೊಸ ಕಡ್ಡಿ ಬೇಕು, ನಾಳೆ ಶಾಲೆಯ ನೆಲ ಸಾರಿಸಲು ಸಗಣಿ ಬೇಕು. ಕತ್ತಲಲ್ಲಿ ಕೊಟ್ಟಿಗೆಗೆ ಹೋಗಿ ಸಗಣಿ ತಡಕಾಡುವವಳು ಯಾರು? ಗಂಗೆಯೇ. ಒಮ್ಮೆ ಪಾಠ ಹೇಳುವ ಅಕ್ಕೋರು ಬೆಲ್ಲ ತರಲು ಹೇಳಿದ್ದಾರೆ ಅಂದಿದ್ದಳು. ನಂಬಿ ದೊಡ್ಡ ತುಂಡನ್ನೇ ಕಟ್ಟಿಕೊಟ್ಟರೆ, ಬೆಲ್ಲ ಶಾಲೆಯ ಬಾಗಿಲನ್ನೂ ಕಾಣದೆ ದಾರಿಯಲ್ಲೇ ಮಾಯವಾಗಿತ್ತು. ಅಂದಿನಿಂದ ಮಗಳು ಅಕ್ಕೋರ ಹೆಸರೆತ್ತಿದರೆ ಸಾಕು, ಗಂಗೆಯ ಹುಬ್ಬು ಮೇಲೇರುತ್ತಿತ್ತು.

ಹುಡುಗಿಯದೊಂದೇ ತಪ್ಪು ಅಂತ ಹೇಳುವುದೂ ಸರಿಯಲ್ಲ ಅನ್ನಿ. ಸಂಶಯ ಗಂಗೆಯ ಹುಟ್ಟುಗುಣ. ಮೀನು ಮಾರುವವಳು ತಾಜಾ ಅಂದರೆ ಕಿವಿರು ಎತ್ತಿ ನೋಡುವಳು. ಅದು ಬಿಡಿ, ಎಲ್ಲರೂ ನೋಡುತ್ತಾರೆ. ಇವಳು ಪುಕ್ಕಟೆ ಕೊಟ್ಟ ಮೀನಿನ ಕಿವಿರನ್ನೂ ಎತ್ತಿ ನೋಡುವಳು. ಹೊಳನಗದ್ದೆಗೆ ಸೊಸೆಯಾಗಿ ಬಂದ ಹೊಸತರಲ್ಲಿ ಅತ್ತೆ ಹೊಗಳಿದಳಂತೆ, ಅದಕ್ಕೂ ಎರಡು ದಿನ ಊಟ ಸೇರಿರಲಿಲ್ಲವಂತೆ.

ಆ ಸಂಜೆ ಗಂಡ ಮಾಬ್ಲ ಗದ್ದೆಯಿಂದ ಬಂದು ಕಾಲು ತೊಳೆದು ಕೂತಿದ್ದ. ಬಂಗಾರಿ ಗಂಜಿಗೆ ಕೈ ಹಾಕಿದವಳು ತಲೆ ಎತ್ತದೆ ಹೇಳಿದಳು:

"ಅವ್ವ, ನಾಳೆ ನಂಗೆ ದೇವಿ ಹಾಕ್ತ್ರಂತೆ."

ಗಂಗೆಯ ಕೈಯಲ್ಲಿದ್ದ ಸೌಟು ಅಲ್ಲೇ ನಿಂತಿತು. ಮುಂಬಯಿ ಸರಕಾರದ ಕಾಲದಿಂದಲೂ ಆ ಕಡೆ ಸಿಡುಬಿನ ಚುಚ್ಚುಮದ್ದಿಗೆ ಎಲ್ಲರೂ ಹೇಳುವುದು ಹಾಗೆಯೇ. ತೋಳಿಗೆ ಚುಚ್ಚುವುದು ಅಂದರೆ ದೇವಿ ಹಾಕುವುದು, ಚುಚ್ಚಲು ಬರುವವನು ದೇವಿ ಡಾಕ್ಟರ. ಹಿಂದೊಮ್ಮೆ ಬಂಗಾರಿಗೆ ಹಾಕಿಸಿದ್ದರು. ತೋಳು ಬಾತು ಕೀವಾಗಿ, ಮೈ ಕೆಂಡವಾಗಿ, ಹುಡುಗಿ ಕಣ್ಣು ಬಿಡದೆ ಮಲಗಿದ್ದಳು. ಗಂಗೆ ಆಸೆಯನ್ನೇ ಬಿಟ್ಟಿದ್ದಳು. ಇದ್ದದ್ದು ಅದೊಂದೇ ಜೀವ. ಇನ್ನೊಮ್ಮೆ ಯಾರೇ ಬಂದರೂ ಮಗಳ ತೋಳು ಮುಟ್ಟಗೊಡುವುದಿಲ್ಲ ಅಂತ ಅವತ್ತೇ ನಿರ್ಧಾರ ಮಾಡಿದ್ದಳು.

ಹೆದರಿಸಿದರೆ ಹುಡುಗಿ ಬಾಯಿ ಬಿಡುವುದಿಲ್ಲ ಅಂತ ಗೊತ್ತಿದ್ದ ಗಂಗೆ, ಸಿಟ್ಟು ನುಂಗಿಕೊಂಡು ಮೆಲ್ಲಗೆ ಕೇಳುತ್ತ ಹೋದಳು. ಅಕ್ಕೋರು ಮತ್ತೆಂತ ಹೇಳಿದ್ದಾರೆ? ಹಸಿರು ಸೀರೆ ತರಲು ಹೇಳಿದ್ದಾರಂತೆ. ತಲೆ ಮಿಂದು, ಎಣ್ಣೆ ಮುಟ್ಟಿಸದೆ, ಕೂದಲು ಬಿಟ್ಟುಕೊಂಡು ಬರಬೇಕಂತೆ. ಹೊಟ್ಟೆ ತುಂಬ ಉಂಡು ಬರಬೇಕಂತೆ. ಸಂಜೆ ಅಪ್ಪ ಅವ್ವ ಇಬ್ಬರೂ ಶಾಲೆಗೆ ಬರಬೇಕಂತೆ.

ಒಂದೊಂದು ಮಾತಿಗೂ ಗಂಗೆಯ ಎದೆ ಧಸಕ್ಕೆನ್ನುತ್ತಿತ್ತು. ತಲೆಗೆ ಎಣ್ಣೆ ಹಾಕದೆ ಕೂದಲು ಬಿಡುವುದು ಯಾವಾಗ? ಮನೆಯಲ್ಲಿ ಸಿಡುಬೆದ್ದಾಗ. ಸೀರೆ ಯಾಕೆ? ಓಡಿ ಹೋಗದ ಹಾಗೆ ಸುತ್ತಿ ಹಿಡಿಯಲಿಕ್ಕೆ. ಉಂಡು ಬಾ ಅಂತ ಹಿಂದಿನ ಸಲವೂ ಹೇಳಿದ್ದರು. ಇನ್ನು ಅಪ್ಪ ಅವ್ವನನ್ನು ಕರೆಯುವುದು ಹೊತ್ತುಕೊಂಡು ಹೋಗಲಿಕ್ಕಲ್ಲದೆ ಮತ್ತೆಂತಕ್ಕೆ? ಅದೂ ಸಾಲದು ಅಂತ ಬಂಗಾರಿ ಬಟ್ಟಲಿನ ಮೇಲೆ ಬಗ್ಗಿ ನಗುತ್ತಿದ್ದಳು. ಎಂತ ನಗು ಅಂದರೆ ಹೇಳಲೊಲ್ಲಳು. ಉಳಿದದ್ದನ್ನು ಮನೆಯಲ್ಲಿ ಹೇಳಬೇಡ ಅಂತ ಅಕ್ಕೋರು ಹೇಳಿದ್ದಾರಂತೆ.

ಮನೆಯಲ್ಲಿ ಹೇಳಬೇಡ! ಗಂಗೆಗೆ ಅಷ್ಟು ಸಾಕಾಯಿತು. ಸುಮತಿ ಅಕ್ಕೋರು ಮೈಸೂರ ಕಡೆಯವರು, ಮಳೆಗಾಲ ಕಳೆದ ಮೇಲೆ ಬಂದವರು. ಮಾತು ಸಕ್ಕರೆ. ಇಷ್ಟು ಸಕ್ಕರೆ ಸುಮ್ಮನೆ ಯಾರೂ ಹಂಚುವುದಿಲ್ಲ ಅಂತ ಗಂಗೆಗೆ ಮೊದಲೇ ಅನಿಸಿತ್ತು. ಹೋಗಿ ಕೇಳೋಣವೆಂದರೆ ಅವರ ಬಿಡಾರ ಕುಮಟೆ ಪೇಟೆಯಲ್ಲಿ. ಸಂಜೆ ಶಾಲೆ ಬಿಟ್ಟರೆ ಬೆಳಿಗ್ಗೆಯೇ ಮುಖ ಕಾಣುವುದು.

ಮಾಬ್ಲನಿಗೆ ಹೇಳಿದರೆ ಅವನು ಕವಳಕ್ಕೆ ಎಲೆಯಡಿಕೆಯ ಚಂಚಿ ಬಿಚ್ಚುತ್ತ, ಊರ ಮಕ್ಕಳಿಗೆಲ್ಲ ಆದದ್ದು ನಿನ್ನ ಮಗಳಿಗೂ ಆಗಲಿ, ಸಿಡುಬು ಬರುವುದಕ್ಕಿಂತ ಅಡ್ಡಿಲ್ಲ ಅಂದ. ನಿನ್ನ ಮಗಳು ಅಂದದ್ದು ಗಂಗೆಗೆ ನಟ್ಟಿತು. ಜ್ವರ ಬಂದಾಗ ಮಾತ್ರ ನನ್ನ ಮಗಳು, ಪೇಟೆಯಿಂದ ಮಿಠಾಯಿ ತಂದಾಗ ಇವರ ಮಗಳು!

ಚಿಮಣಿ ದೀಪ ಹಿಡಿದು ಬೇಲಿಯಾಚೆ ಮಂಜಿಯ ಮನೆಗೆ ಹೋದಳು. ಮಂಜಿಯ ಮಗಳು ಮಂಗಲಾ ಶಾಲೆಯಲ್ಲಿ ಬಂಗಾರಿಯದೇ ಇಯತ್ತೆ. ನಿಂಗೂ ನಾಳೆ ದೇವಿಯೇನೆ ಅಂತ ಕೇಳಿದರೆ, ಆ ಹುಡುಗಿ ಮೋರೆ ಊದಿಸಿಕೊಂಡು, ಬಂಗಾರಿಗೆ ಒಬ್ಬಳಿಗೇ ದೇವಿ, ನಂಗಿಲ್ಲ ಅಂದು ಒಳಗೆ ಓಡಿತು. ಮಂಜಿ ನಕ್ಕಳು. ಮಕ್ಕಳ ಮಾತು, ನಾಳೆ ಹೋಗಿ ನೋಡಿದರಾತು ಅಂದಳು. ಆ ನಗು ಗಂಗೆಗೆ ಒಂದಿಷ್ಟೂ ಹಿಡಿಸಲಿಲ್ಲ. ಇವಳು ಹೇಗೋ ತನ್ನ ಮಗಳನ್ನು ಬಿಡಿಸಿಕೊಂಡಿದ್ದಾಳೆ, ಈಗ ನನ್ನ ಮಗಳನ್ನು ಮುಂದೆ ದೂಡಿ ನಗುತ್ತಿದ್ದಾಳೆ ಅನಿಸಿತು. ಇಷ್ಟು ವರ್ಷ ಉಪ್ಪು ಹುಳಿ ಕೊಟ್ಟು ತಗೊಂಡವಳು! ಬೆಳ್ಳಗಿರುವುದೆಲ್ಲ ಹಾಲಲ್ಲ ಅಂತ ಹಿರಿಯರು ಸುಮ್ಮನೆ ಹೇಳಲಿಲ್ಲ.

ಮನೆಗೆ ಬಂದವಳು ಬೇರೆ ಉಪಾಯ ಹೂಡಿದಳು. ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಮಗಳ ಮುಂದೆ ಒಂದು ಮಾತೂ ಎತ್ತಲಿಲ್ಲ. ಬಚ್ಚಲ ಹಂಡೆಗೆ ಬೆಂಕಿ ಮಾಡಿ, ಶೀಗೆಕಾಯಿ ಹಾಕಿ ತಲೆ ತಿಕ್ಕಿ ಮೀಯಿಸಿದಳು. ತನ್ನ ಮದುವೆಯ ಹಸಿರು ಸೀರೆಯನ್ನು ಪೆಟ್ಟಿಗೆಯಿಂದ ತೆಗೆದು, ಬಂಗಾರಿ ನೋಡುತ್ತಿರುವಾಗಲೇ ಮಡಿಸಿ ಇಟ್ಟಳು. ಹುಡುಗಿ ಸೀರೆಯ ಸೆರಗನ್ನು ಕೆನ್ನೆಗೆ ಒತ್ತಿಕೊಂಡು, ಇದೇ ಅಲ್ಲವೇ ಅವ್ವ, ಇದನ್ನೇ ಕೊಡುತ್ತೀಯಲ್ಲವೇ ಅಂತ ಮತ್ತೆ ಮತ್ತೆ ಕೇಳಿ ಮಲಗಿತು. ಅದು ಮಲಗಿದ ಮೇಲೆ ಗಂಗೆ ಸೀರೆಯನ್ನು ತಿರುಗಿ ಪೆಟ್ಟಿಗೆಗೆ ಹಾಕಿದಳು.

ಕೋಳಿ ಕೂಗುವಾಗ ಮಗಳನ್ನು ಎಬ್ಬಿಸಿ, ತನ್ನ ತವರು ಮುಟ್ಟಳ್ಳಿಯಲ್ಲಿ ಅಜ್ಜಿಗೆ ಮೈ ಹುಷಾರಿಲ್ಲವಂತೆ, ಹೋಗಿ ನೋಡಿ ಬರೋಣ ಅಂದಳು. ಸುಳ್ಳು ಹೇಳುತ್ತಾಳೆ ಅಂತ ಮಗಳಿಗೆ ದಿನವೂ ಬೈಯುವವಳ ಬಾಯಿಂದ ಸುಳ್ಳು ಎಷ್ಟು ಸಲೀಸಾಗಿ ಬಂತು ನೋಡಿ. ಸಂಜೆಗೆ ತಿರುಗಿ ಬರುತ್ತೇವೋ ಅಂತ ಬಂಗಾರಿ ಕೇಳಿತು. ಬರುತ್ತೇವೆ ಅಂದಳು. ಕುಮಟೆಯಲ್ಲಿ ಮೊದಲ ಬಸ್ಸು ಹಿಡಿದು, ಹೊನ್ನಾವರದಲ್ಲಿ ಇಳಿದು, ಲಾಂಚಿನಲ್ಲಿ ಶರಾವತಿ ದಾಟುವವರೆಗೂ ಗಂಗೆ ಹಿಂದೆ ತಿರುಗಿ ನೋಡುತ್ತಲೇ ಇದ್ದಳು. ಖಾಕಿ ಚಡ್ಡಿ ಹಾಕಿದವರು ಕಂಡಾಗಲೆಲ್ಲ ದೇವಿ ಡಾಕ್ಟರರೇ ಅನಿಸುತ್ತಿತ್ತು. ಆಚೆ ದಡದಲ್ಲಿ ಭಟ್ಕಳದ ಬಸ್ಸು ಹತ್ತಿದ ಮೇಲೆಯೇ ಉಸಿರು ಬಿಟ್ಟದ್ದು.

ಮುಟ್ಟಳ್ಳಿಯಲ್ಲಿ ಅಜ್ಜಿ ಗುಂಡುಕಲ್ಲಿನ ಹಾಗೆ ಗಟ್ಟಿಯಾಗಿದ್ದಳು, ಅಂಗಳದಲ್ಲಿ ಭತ್ತ ಹರವುತ್ತಿದ್ದಳು. ಬಂಗಾರಿ ಅಜ್ಜಿಯನ್ನು ನೋಡಿತು, ತಾಯಿಯನ್ನು ನೋಡಿತು. ಉಂಡ ಮೇಲೆ ಹೋಗೋಣವೇ ಅಂದಿತು. ಬಿಸಿಲು ಇಳಿಯಲಿ ಅಂದಳು ಗಂಗೆ. ಬಿಸಿಲು ಇಳಿಯಿತು. ಮತ್ತೆ ಕೇಳಿತು. ಇನ್ನು ಹೊರಟರೆ ಲಾಂಚು ಸಿಗುವುದಿಲ್ಲ, ನಾಳೆ ಹೋಗೋಣ ಅಂದಳು. ಹುಡುಗಿ ಅಳಲಿಲ್ಲ. ಅತ್ತಿದ್ದರೆ ಗಂಗೆಗೆ ಸಮಾಧಾನವಿತ್ತು. ಗೆದ್ದೆ ಅಂತ ಅಂದುಕೊಂಡರೂ ಒಳಗೆಲ್ಲೋ ಕೊರೆಯುತ್ತಿತ್ತು.

ಗಂಗೆ ಅಂಗಳದಲ್ಲಿ ಕೂತು ಗೆರಸೆಯಲ್ಲಿ ಅಕ್ಕಿ ಹಸನು ಮಾಡುತ್ತಿದ್ದಳು. ತೆಂಗಿನ ಮರಗಳ ನೆರಳು ಉದ್ದವಾಗಿತ್ತು. ಬಂಗಾರಿ ಎದ್ದು, ಈಗ ಗಂಟೆ ಹೊಡೆದಿರ್ತ್ರು ಅಂತ ತನಗೆ ತಾನೇ ಹೇಳಿಕೊಂಡಿತು. ಜಗುಲಿ ಹತ್ತಿ ನಿಂತಿತು. ಎಣ್ಣೆಯಿಲ್ಲದ ಕೂದಲನ್ನು ಎರಡೂ ಹೆಗಲ ಮೇಲೆ ಹರಡಿಕೊಂಡಿತು. ಎಡಗೈಯಲ್ಲಿ ಇಲ್ಲದ ತ್ರಿಶೂಲ ಹಿಡಿದು, ಬಲಗೈ ಎತ್ತಿ, ಪುಸ್ತಕದ ಮಾತಿನಲ್ಲಿ ಗಟ್ಟಿಯಾಗಿ ಹೇಳಿತು:

"ಹೆದರಬೇಡ, ಮಗಳೇ. ನಾನು ಬಂದಿದ್ದೇನೆ. ಏನು ವರ ಬೇಕು, ಕೇಳು."

ಗಂಗೆಯ ಕೈಯಿಂದ ಗೆರಸೆ ಜಾರಿ ಅಕ್ಕಿ ಚೆಲ್ಲಿತು. ಹಾಕುವುದು ಅಂದರೆ ವೇಷ ಹಾಕುವುದು. ಶಾಲೆಯಲ್ಲಿ ನಾಟಕ. ಅಪ್ಪ ಅವ್ವ ಬಂದು, ನೋಡಿ, ಬೆರಗಾಗಲಿ ಅಂತ ಮನೆಯಲ್ಲಿ ಹೇಳಬೇಡ ಅಂದದ್ದು. ಮೈಸೂರ ಕಡೆಯ ಅಕ್ಕೋರಿಗೆ ದೇವಿ ಅಂದರೆ ದೇವಿಯೇ, ಬೇರೆಂತದೂ ಅಲ್ಲ. ಎಲ್ಲ ಒಮ್ಮೆಲೇ ತಲೆಗೆ ಹೊಕ್ಕಿತು, ಹೊಕ್ಕರೆಂತ ಬಂತು? ಮಧ್ಯೆ ಶರಾವತಿ ಹೊಳೆ ಇತ್ತು. ನನ್ನ ಬುದ್ಧಿಗಿಷ್ಟು ಬೆಂಕಿ ಬೀಳಲಿ ಅಂತ ಹಣೆ ಚಚ್ಚಿಕೊಳ್ಳುವಷ್ಟು ದುಃಖ ಬಂತು.

ಬಂಗಾರಿ ಕೈ ಇಳಿಸಲಿಲ್ಲ.

"ಕೇಳು ಅವ್ವ," ಅಂದಿತು, ಈಗ ಮನೆಯ ಮಾತಿನಲ್ಲಿ. "ನೀ ಕೇಳಿದ್ರೆ ನಾ ತಥಾಸ್ತು ಅನ್ಬೇಕು. ಅದೊಂದೇ ಮಾತು ಉಳ್ದದ್ದು."

ಗಂಗೆ ಎದ್ದು ನಿಂತಳು. ಕೈ ಒರೆಸಿಕೊಂಡಳು. ಜಗುಲಿಯ ಕೆಳಗೆ ಬಂದು ನಿಜವಾಗಿಯೂ ಕೈ ಮುಗಿದಳು.

"ನಾಳೆ ಶಾಲೆಗೆ ಹೋದ್ರೆ ನನ್ನ ಮಗಳಿಗೆ ಯಾರೂ ಬೈದೇ ಇರ್ಲಿ, ತಾಯಿ."

ಹುಡುಗಿ ತುಟಿ ಕಚ್ಚಿಕೊಂಡಿತು.

"ತಥಾಸ್ತು."

ಆಮೇಲೆ ಕೈ ಇಳಿಸಿ, ಜಗುಲಿಯ ಅಂಚಿಗೆ ಕೂತು ಹೇಳಿತು:

"ಅಕ್ಕೋರು ಬೈಯೂದಿಲ್ಲ, ಅವ್ವ. ಮಂಗಲಾ ಅಳ್ತದೆ. ವರ ಕೇಳೂ ಮಗಳ ವೇಷ ಅದ್ರದೇ ಆಗಿತ್ತು. ಈಗ ಎಲ್ಲರ ಮುಂದೆ ಕೈ ಮುಗ್ಕಂಡು ನಿಂತಿರ್ತದೆ."