ಮಿಕ್ಸಿ ಮುಚ್ಚಿಟ್ಟ ಹಟ್ಟಿ

"ಲೇ ಕೆಂಚಕ್ಕ, ಆ ಮಿಕ್ಸಿ ಎತ್ತಿ ಒಳಗಿಡೇ, ನಿನ್ನ ಮನೆ ಹಾಳಾಗ. ಕಾಡುಜನ ಎಲ್ಲಾದ್ರೂ ಮಿಕ್ಸಿಯಾಗೆ ಚಟ್ನಿ ಅರೀತಾರೇನೇ?"

ರಂಗೇಶ್ ಬೆಳಿಗ್ಗೆಯಿಂದ ಹೀಗೇ ಮನೆಮನೆ ಬಾಗಿಲಲ್ಲಿ ನಿಂತು ಬೊಗಳುತ್ತಿದ್ದ. ಹರಿಯಬ್ಬೆಯ ಆಚೆಗಿನ ಈ ಗೊಲ್ಲರಹಟ್ಟಿಯಲ್ಲೇ ಹುಟ್ಟಿ, ಕುರಿ ಹಿಂದೆ ಗೊಣ್ಣೆ ಸುರಿಸಿಕೊಂಡು ಬೆಳೆದು, ಈಗ ಹಿರಿಯೂರಲ್ಲಿ ಕಂಟ್ರಾಕ್ಟು ಹಿಡಿದು, ಬಿಳಿ ಅಂಗಿ ತೊಟ್ಟು ಮುಖಂಡನಾದವನು. ಮಾರನೇ ದಿನ ಪ್ರೊಫೆಸರೊಬ್ಬರು ಬರುವವರಿದ್ದರು. ಹಟ್ಟಿಯವರು ಬುಡಕಟ್ಟಿನವರು ಹೌದೋ ಅಲ್ಲವೋ ನೋಡಿ ಸರ್ಕಾರಕ್ಕೆ ಹೇಳುವುದು ಅವರ ಕೆಲಸ. ಹೌದು ಅಂದರೆ ಹಟ್ಟಿಯ ಮಕ್ಕಳಿಗೆ ಓದು, ನೌಕರಿ. ರಂಗೇಶನಿಗೆ ಮುಂದಿನ ಚುನಾವಣೆಯಲ್ಲಿ ಮೀಸಲು ಸೀಟು.

ಅದಕ್ಕೇ ಹಟ್ಟಿಗೆ ಹಟ್ಟಿಯೇ ಹಿಂದಿನ ಕಾಲಕ್ಕೆ ಹೊರಟಿತ್ತು. ಬೈಕುಗಳು ಧರ್ಮಪುರದ ನೆಂಟರ ಮನೆ ಸೇರಿದವು. ಟಿ.ವಿ. ಡಿಶ್ಶಿನ ಮೇಲೆ ಗೋಣಿಚೀಲ ಬಿತ್ತು. ಪ್ಯಾಂಟಿನ ಹುಡುಗರು ಅಜ್ಜಂದಿರ ಕಂಬಳಿ ಹೊದ್ದು, ಬೆವರುತ್ತಾ, ಕಂಬಳಿಯೊಳಗೇ ಮೊಬೈಲು ಒತ್ತುತ್ತಾ ಕೂತರು. ಕೆಂಚಕ್ಕನಿಗೆ ನಗು. ಅವಳ ಮುತ್ತಾತನ ತಲೆಯನ್ನು ಯಾವನೋ ಬಿಳಿ ದೊರೆ ಇಕ್ಕಳ ಹಾಕಿ ಅಳೆದು, ಮೂಗನ್ನೂ ಅಳೆದು ಬರೆದುಕೊಂಡು ಹೋಗಿದ್ದನಂತೆ. ಅಳೆದವನು ಅತ್ತ ಹೋದ, ಮೂಗು ಇಲ್ಲೇ ಉಳಿಯಿತು.

"ಇನ್ನೊಂದೈತೆ," ಎಂದ ರಂಗೇಶ್. "ಬಾಣಂತೀನ ಹಟ್ಟಿ ಹೊರಗೆ ಗುಡ್ಲಾಗೆ ಇಡ್ತಾರಂತಲ್ಲ, ಅದನ್ನ ಕಣ್ಣಾರೆ ನೋಡ್ಬೇಕು ಅಂದವ್ರೆ ಪ್ರೊಫೆಸರು. ನಿನ್ ಮಗಳು ಈಗ್ತಾನೆ ಹೆತ್ತವ್ಳೆ, ಎರಡು ದಿನ ಅಲ್ಲಿ ಮಲಗ್ಲಿ."

ಕೆಂಚಕ್ಕನ ನಗು ನಿಂತುಹೋಯಿತು.

ಮಗಳು ಕಾವ್ಯಶ್ರೀ ಹಿರಿಯೂರಿನ ಆಸ್ಪತ್ರೆಯಲ್ಲಿ ಹೆತ್ತು ಬಂದು ಇನ್ನೂ ವಾರವಾಗಿರಲಿಲ್ಲ. ಆ ಗುಡ್ಲು ಎಂಥದೆಂದು ಕೆಂಚಕ್ಕನನ್ನು ಕೇಳಬೇಕು. ಬೇಲಿಯಾಚೆ ತೆಂಗಿನಗರಿ ಹೊದಿಸಿದ, ಬಗ್ಗಿಯೇ ಒಳಹೋಗಬೇಕಾದ ಗೂಡು. ಹಿಂದೆ ಕೆಂಚಕ್ಕ ಮೊದಲ ಸಲ ಹೆತ್ತಾಗ, ಹಡೆದವಳು ಮೈಲಿಗೆ, ಹಟ್ಟಿಯೊಳಗೆ ದೇವರಿದ್ದಾನೆ ಅಂತ ಅವಳನ್ನೂ ಅವಳ ಚೊಚ್ಚಲು ಕೂಸನ್ನೂ ಅದರೊಳಗೆ ಹಾಕಿದ್ದರು. ಮಳೆ ಹಿಡಿಯಿತು. ಕೂಸು ನೆನೆಯಿತು, ಅತ್ತಿತು, ಕೊನೆಗೆ ಅಳುವುದನ್ನೂ ಬಿಟ್ಟಿತು. ಅವಳ ಎದೆಯಲ್ಲಿ ಹಾಲು ಮಾತ್ರ ನಿಲ್ಲಲಿಲ್ಲ. ಮೈಗೆ ಬಲ ಬಂದ ದಿನ ಕೆಂಚಕ್ಕ ಆ ಗುಡ್ಲನ್ನು ಒದ್ದು ಕೆಡವಿದಳು. ಬೈದರು, ಬಹಿಷ್ಕಾರ ಅಂದರು. ಆಮೇಲೆ ಬೈದವರ ಸೊಸೆಯಂದಿರೂ ಹೆತ್ತರು, ಮತ್ತೆ ಯಾರೂ ಗುಡ್ಲು ಕಟ್ಟಲಿಲ್ಲ.

"ನನ್ ಮಗಳು ಹೋಗಲ್ಲ," ಎಂದಳು.

"ನಿನ್ನೊಬ್ಬಳಿಂದ ಹಟ್ಟಿ ಮಕ್ಳ ಬಾಯಿಗೆ ಮಣ್ಣು ಬೀಳ್ತೈತೆ, ಬೋಸುಡಿ."

"ಸರ್ಕಾರ ಕೊಡೋದಾದ್ರೆ ನಮ್ ಬಡತನ ನೋಡಿ ಕೊಡ್ಲಿ ಕಣಪ್ಪ. ನನ್ ಮಗಳು ನಡುಗೋದು ನೋಡಿ ಯಾಕೆ ಕೊಡ್ಬೇಕು?"

ಜನ ಸೇರಿದರು. ಡಿಗ್ರಿ ಮುಗಿಸಿ ಕುರಿ ಕಾಯುತ್ತಿದ್ದ ಹುಡುಗರು ಅವಳ ಮುಖವನ್ನೇ ನೋಡಿದರು. ಪೂಜಾರಿ ಕಾಟಲಿಂಗಪ್ಪ ಎಲೆಅಡಿಕೆ ಜಗಿಯುತ್ತಾ, "ಎರಡೇ ದಿನ ಅಲ್ಲೇನವ್ವ" ಎಂದ. ಸಂಜೆಯ ಹೊತ್ತಿಗೆ ಹೊಸ ಗರಿಯ ಗುಡ್ಲು ಎದ್ದೇಬಿಟ್ಟಿತು. ಕೆಂಚಕ್ಕ ಅಳಲಿಲ್ಲ, ಕೂಗಾಡಲಿಲ್ಲ. ಸೆರಗು ಸಿಕ್ಕಿಸಿಕೊಂಡು ಪೂಜಾರಿಯ ಮುಂದೆ ನಿಂತಳು.

"ಆಗ್ಲಿ. ಆದ್ರೆ ಕಟ್ಟಳೆ ಅಂದ್ಮೇಲೆ ಪೂರ್ತಿ ಕಟ್ಟಳೆ. ನನ್ ಮಗಳಿಗೊಂದು, ಕಾರಾಗೆ ಬಂದೋರಿಗೊಂದು ಅಂತ ಇಲ್ಲ. ಏನಂತೀಯ ಪೂಜಾರಪ್ಪ?"

"ಮತ್ತೆ? ದೇವ್ರ ಕಟ್ಟಳೆ ಯಾರಿಗೂ ಬಿಟ್ಟಿಲ್ಲ," ಎಂದ ಪೂಜಾರಿ.

"ಆಯ್ತು ಮಾರಾಯ್ತಿ, ಒಪ್ಕಂಡ್ವಿ," ಎಂದು ರಂಗೇಶ್ ಕೈಮುಗಿದ.

ಬೆಳಿಗ್ಗೆ ಕಾರಿನ ಧೂಳು ಕಾಣುವವರೆಗೂ ಕೆಂಚಕ್ಕ ಮಗಳನ್ನು ಮನೆಯಿಂದ ಏಳಗೊಡಲಿಲ್ಲ. "ನಿನಗೇನು ತಲೆ ಕೆಟ್ಟೈತಾ ಅವ್ವ?" ಎಂದು ಕಾವ್ಯಶ್ರೀ ಕಣ್ಣೀರು ಹಾಕಿದರೆ, "ಸುಮ್ನೆ ಬಾ, ಮಧ್ಯಾಹ್ನದ ಊಟಕ್ಕೆ ಮನೆಯಾಗಿರ್ತೀಯ" ಎಂದು ಕೈಹಿಡಿದು ನಡೆಸಿದಳು.

ಪ್ರೊಫೆಸರರು ಕೂದಲು ಹಣ್ಣಾದ, ಮಾತು ಮೆತ್ತಗಿನ ಮನುಷ್ಯ. ಕಂಬಳಿ ಕಂಡು ಹಿಗ್ಗಿದರು. ರಂಗೇಶನಿಗೆ ಪಾಠವನ್ನೇ ಶುರುಮಾಡಿದರು. "ಮನುಷ್ಯ ಮೊದಲು ಬೇಟೆಯಾಡಿದ, ಆಮೇಲೆ ಪಶು ಸಾಕಿದ, ಆಮೇಲೆ ನಗರ ಕಟ್ಟಿದ ಅಂತ ಹಿಂದಿನ ಪಂಡಿತರು ಮೆಟ್ಟಿಲು ಜೋಡಿಸಿದರು. ಇವರು ನಡುವಿನ ಮೆಟ್ಟಿಲಲ್ಲೇ ಕೂತವರು. ಇವರನ್ನು ನೋಡಿದರೆ ನಮ್ಮ ಅಜ್ಜಿಯ ಅಜ್ಜಿಯನ್ನೇ ನೋಡಿದ ಹಾಗೆ. ಮೊದಮೊದಲು ಪಂಡಿತರು ಕುರ್ಚಿ ಬಿಟ್ಟು ಏಳದೆ ಬರೆಯುತ್ತಿದ್ದರು. ಈಗ ಹಾಗಲ್ಲ. ಜನ ಬದುಕಿದ ಹಾಗೆ ನಾವೂ ಬದುಕಿ ನೋಡಬೇಕು, ಅದೇ ನಮ್ಮ ಶಾಸ್ತ್ರ."

"ನಿಮಗೆ ವಯಸ್ಸೆಷ್ಟು ಸಾರ್?" ಎಂದಳು ಕೆಂಚಕ್ಕ.

"ಅರವತ್ತು."

"ನನಗಿನ್ನೂ ಐವತ್ತೈದು. ನಿಮ್ಮಜ್ಜಿ ಹೆಂಗಾದೆ?"

ಪ್ರೊಫೆಸರರು ಕೆಮ್ಮಿ, ಬುಡಕಟ್ಟು ಹೌದೋ ಅಲ್ಲವೋ ಅಂತ ಗುರುತಿಸುವ ಸರ್ಕಾರಿ ಪಟ್ಟಿಯ ಮುಂದಿನ ಪ್ರಶ್ನೆಗೆ ಹೋದರು. "ಹೊರಗಿನವರ ಜೊತೆ ಬೆರೆಯೋಕೆ ನಾಚಿಕೆ ಆಗುತ್ತಾ ಅಮ್ಮ?" ಹಿಂದಿನಿಂದ ರಂಗೇಶ್ ಹೂಂ ಅನ್ನು ಅಂತ ಕಣ್ಣು ಹೊಡೆದ. "ಬಲು ನಾಚ್ಕೆ ಸಾರ್," ಎಂದು ಕೆಂಚಕ್ಕ ಸೆರಗಲ್ಲಿ ಮುಖ ಮುಚ್ಚಿಕೊಂಡಳು. ಅಷ್ಟರಲ್ಲಿ ಯಾವುದೋ ಕಂಬಳಿಯೊಳಗೆ ಫೋನು ಹಾಡತೊಡಗಿತು. ಹಟ್ಟಿಯವರೆಲ್ಲ ಒಟ್ಟಿಗೆ ಕೆಮ್ಮಿದರು.

ಗುಡ್ಲಿನ ಮುಂದೆ ಫೋಟೋ ಆಗಬೇಕಿತ್ತು. ಕೆಂಚಕ್ಕ ಒಳಗಿನಿಂದ ಕೂಸನ್ನು ತಂದು, "ವಸಿ ಎತ್ಕಳ್ರಿ ಸಾರ್, ಫೋಟಾದಾಗೆ ಚಂದ ಕಾಣ್ತೀರಿ" ಎಂದು ಪ್ರೊಫೆಸರರ ತೋಳಿಗೇ ಹಾಕಿದಳು. ಕೂಸು ತಡಮಾಡದೆ ಅವರ ಅಂಗಿ ಮೇಲೆ ಉಚ್ಚೆ ಹೊಯ್ದಿತು. ರಂಗೇಶ್ ಓಡಿಬಂದು ಹೆಗಲ ಮೇಲಿನ ಟವೆಲ್ಲಿಂದ ಅವರ ಎದೆ ಒರೆಸಿದ.

"ಪೂಜಾರಪ್ಪ, ಮುಟ್ಟಿದ್ರು," ಎಂದಳು ಕೆಂಚಕ್ಕ, ಕೂಸನ್ನು ವಾಪಸು ತೆಗೆದುಕೊಳ್ಳುತ್ತಾ. "ಇಬ್ಬರೂ."

ಕಾಟಲಿಂಗಪ್ಪನ ಜಗಿತ ನಿಂತಿತು. ಬಾಣಂತಿಯ ಆರೈಕೆಯವರನ್ನು ಬಿಟ್ಟರೆ, ಕೂಸು ಮುಟ್ಟಿದವನೂ ಅವನನ್ನು ಮುಟ್ಟಿದವನೂ ಮೈಲಿಗೆ ಕಳೆಯುವವರೆಗೆ ಹಟ್ಟಿಯೊಳಗೆ ಕಾಲಿಡುವಂತಿಲ್ಲ. ಅದು ಎಲ್ಲರಿಗೂ ಗೊತ್ತಿದ್ದ ಮಾತು. ಪ್ರೊಫೆಸರರ ಕಾರು ಬೇಲಿಯೊಳಗೆ, ದೇವರ ಮರದ ಬುಡದಲ್ಲಿ ನಿಂತಿತ್ತು.

"ಲೇ, ಸಾರ್ ದೊಡ್ಡ ಮನುಷ್ಯರು ಕಣೇ," ಎಂದ ರಂಗೇಶ್.

"ಹಂಗಾದ್ರೆ ಕಟ್ಟಳೆ ಸತ್ತೈತೆ ಅಂತ ಬರ್ಕಂಡು ಹೋಗ್ಲಿ. ನಾನೇನು ತಡೀತೀನಾ?"

ರಂಗೇಶನ ಕಣ್ಣೆದುರು ಸೀಟು ಜಾರಿತು. ಪ್ರೊಫೆಸರರು ಪೂಜಾರಿಯನ್ನು ನೋಡಿದರು. ಪೂಜಾರಿ ಆಕಾಶ ನೋಡಿದ. "ನೀವೇ ಅಂದ್ರಲ್ಲ ಸಾರ್, ಜನ ಬದುಕಿದಂಗೆ ಬದುಕಿ ನೋಡ್ಬೇಕು ಅಂತ," ಎಂದಳು ಕೆಂಚಕ್ಕ. "ಒಳಗೆ ಕುಂತ್ಕಳ್ರಿ. ಆದ್ರೆ ಗಂಡಸರಿರೋ ಗುಡ್ಲಾಗೆ ಬಾಣಂತಿ ಇರೋದು ಯಾವ ಕಟ್ಟಳೆಯಾಗೂ ಇಲ್ಲ. ಅವಳು ಮನಿಗೆ ಹೋಗ್ಲಾ ಪೂಜಾರಪ್ಪ?"

ಮುದುಕನ ಕೆಂಪು ಬಾಯಿ ಅಗಲವಾಯಿತು. "ಹೋಗ್ಲಿ ಬಿಡವ್ವ, ದೇವ್ರಿಗೂ ಮಕ್ಳು ಮರಿ ಅವೆ," ಎಂದ. ಕಂಬಳಿಯ ಹುಡುಗರು ಮೊದಲ ಸಲ ಬಾಯಿಬಿಟ್ಟು ನಕ್ಕರು. ಕಾವ್ಯಶ್ರೀ ಕೂಸನ್ನು ಅವುಚಿಕೊಂಡು ಮನೆಯತ್ತ ನಡೆದಳು. ಪ್ರೊಫೆಸರರೂ ರಂಗೇಶನೂ ಬಗ್ಗಿ ಗುಡ್ಲು ಹೊಕ್ಕರು.

ಮಧ್ಯಾಹ್ನ ಕೆಂಚಕ್ಕ ಇಬ್ಬರಿಗೂ ಮುದ್ದೆ, ಸಾರು ತಂದು, ದೂರದಲ್ಲಿಟ್ಟು ಕೋಲಿನಿಂದ ಒಳಗೆ ತಳ್ಳಿದಳು. ಒಳಗೆ ಕಾಲು ಚಾಚಲು ಜಾಗವಿರಲಿಲ್ಲ. ಚಿಗಟ ಕಚ್ಚಿ ರಂಗೇಶ್ ಬಿಳಿ ಅಂಗಿ ಬಿಚ್ಚಿದ್ದ. ಪಡುವಣದಲ್ಲಿ ಮೋಡ ಕಟ್ಟಿತ್ತು.

"ಮಳೆ ಬಂದರೆ ಇದು ಸೋರುತ್ತೇನಮ್ಮ?" ಎಂದು ಕೇಳಿದರು ಪ್ರೊಫೆಸರರು.

"ಸೋರ್ತೈತೆ ಸಾರ್. ನನ್ ಚೊಚ್ಚಲು ಕೂಸು ಇದೇ ಜಾಗದಾಗೆ ನೆಂದು ಸತ್ತಿದ್ದು."

ಅವರು ಮುದ್ದೆಯಿಂದ ಕೈ ತೆಗೆದರು. "ನಾನು ಹೊರಗೆ ಬರಬಹುದಾ?" ಎಂದು ಕೇಳಿದರು.

"ಬರ್ರಿ. ನಾನು ಕೇಳಿದಾಗ ಯಾರೂ ಬಾ ಅನ್ಲಿಲ್ಲ."

ಪ್ರೊಫೆಸರರು ಮೊಣಕಾಲೂರಿ ಹೊರಬಂದರು. ಹಿಂದೆ ರಂಗೇಶನೂ ತೆವಳಿದ. "ಎಲ್ಲಾ ಹಾಳು ಮಾಡಿದೆಯಲ್ಲೇ, ಇನ್ನು ಸಾರ್ ಏನು ಬರೀತಾರೋ," ಎಂದು ಹಲ್ಲು ಕಡಿದ.

"ಒಳಗೆ ಕುಂತು ನೋಡ್ಯವ್ರಲ್ಲ, ಅದನ್ನೇ ಬರ್ಕಳ್ಲಿ," ಎಂದಳು ಕೆಂಚಕ್ಕ.

ಮಳೆಗೆ ಮುಂಚೆ ಅವಳು ಗುಡ್ಲಿನ ಗರಿಗೆ ಕೈಹಾಕಿ ಎಳೆದಳು. ಒಬ್ಬ ಹುಡುಗ ಕಂಬಳಿ ಕಳಚಿ ಬಂದು ಗೂಟ ಕಿತ್ತ. ಇನ್ನೊಬ್ಬ ಬಂದ. ಹೆಂಗಸರು ಒಂದೊಂದು ಗರಿ ಹೊತ್ತು ಕೆಂಚಕ್ಕನ ಬಚ್ಚಲೊಲೆಗೆ ತುರುಕಿದರು. ಬಾಣಂತಿಯ ನೀರು ಕುದಿಯತೊಡಗಿತು. ಪ್ರೊಫೆಸರರ ಕಾರು ಬೇಲಿ ದಾಟುವಾಗ, ಕಾವ್ಯಶ್ರೀ ಅಡುಗೆಮನೆಯಲ್ಲಿ ಬಾಣಂತಿ ಖಾರ ಅರೆಯಲು ಮಿಕ್ಸಿ ಹಾಕಿದಳು. ಅದು ಹಟ್ಟಿಗೆಲ್ಲ ಕೇಳುವಂತೆ ಗರಗರ ಅನ್ನುತ್ತಲೇ ಇತ್ತು.